ಗಣಕದ ಆಟಗಳಲ್ಲಿ ಚಿತ್ರದ ತಿದ್ದುಪಡಿ

ಗಣಕದ ಆಟಗಳನ್ನು ಆಡುವವರಲ್ಲಿ ಎರಡು ಬಗೆಯವರುಂಟು. ತಯಾರಕರು ಕೊಟ್ಟಂತೆಯೇ ಆಟವನ್ನು ಆಡಿ ತೃಪ್ತರಾಗುವವರು ಒಂದು ಬಗೆ. ಅದರ ಬೆಳಕು, ನೆರಳು, ಬಣ್ಣಗಳನ್ನು ತಮ್ಮ ಅಭಿರುಚಿಗೆ ಒಪ್ಪುವಂತೆ ತಿದ್ದಿಕೊಂಡು ಆಡುವವರು ಇನ್ನೊಂದು ಬಗೆ. ಈ ಎರಡನೆಯವರು ಬಳಸುವ ಸಾಧನಗಳಿಗೆ ಗ್ರಾಫಿಕ್ಸ್ ಮಾಡ್‌ಗಳೆಂದು ಹೆಸರು. ‘ರೀಶೇಡ್’ ಮತ್ತು ‘ಇಎನ್‌ಬಿ’ ಎಂಬವು ಇವುಗಳಲ್ಲಿ ಹೆಚ್ಚು ಪ್ರಸಿದ್ಧವಾದವು. ಮೊದಲನೆಯದನ್ನು ಹಲವು ಬಗೆಯ ಆಟಗಳಿಗೆ ತೊಡಿಸಬಹುದು. ಬೋರಿಸ್ ವೊರೊಂಟ್ಸೊವ್ ಎಂಬವರು ರಚಿಸಿದ ಎರಡನೆಯದು ಕೆಲವು ನಿರ್ದಿಷ್ಟ ಆಟಗಳಿಗೆಂದೇ ಹೊಲಿದ ಅಂಗಿ. 2011ರಲ್ಲಿ ಹೊರಬಂದ ‘ಸ್ಕೈರಿಮ್’ ಅಂಥ ಆಟಗಳಲ್ಲೊಂದು.

ಇವುಗಳನ್ನು ಗಣಕದಲ್ಲಿ ಸ್ಥಾಪಿಸುವುದು ಕಷ್ಟವಲ್ಲ. ಕಷ್ಟವಿರುವುದು ಅನಂತರದ ಕೆಲಸದಲ್ಲಿ. ಆಟದ ನಡುವೆ ಒಂದು ಕೀಲಿಯನ್ನು ಒತ್ತಿದೊಡನೆ ತೆರೆಯ ಮೇಲೆ ಮೆನುವೊಂದು ತೆರೆದುಕೊಳ್ಳುತ್ತದೆ. ಸಾಲುಸಾಲಾಗಿ ಹೆಸರುಗಳು, ಪ್ರತಿ ಹೆಸರಿನ ಎದುರು ಎಳೆಯಬಹುದಾದ ಸ್ಲೈಡರುಗಳು, ಅಂಕಿಗಳು. ಹೊಸಬನು ಒಂದನ್ನು ಎಳೆದು ನೋಡುತ್ತಾನೆ, ಮತ್ತೊಂದನ್ನು ಎಳೆಯುತ್ತಾನೆ, ಹತ್ತನ್ನು ಒಟ್ಟಿಗೆ ಬದಲಿಸುತ್ತಾನೆ. ಕಡೆಗೆ ಚಿತ್ರವು ಮಂಕಾಗಿ, ಆಟವು ಮುಗ್ಗರಿಸಿ ನಡೆಯತೊಡಗಿದಾಗ, ‘ನನ್ನ ಗಣಕ ಹಳೆಯದಾಯಿತು, ಹೊಸ ಗ್ರಾಫಿಕ್ಸ್ ಕಾರ್ಡನ್ನು ಕೊಳ್ಳದೆ ವಿಧಿಯಿಲ್ಲ’ ಎಂಬ ತೀರ್ಮಾನಕ್ಕೆ ಬರುತ್ತಾನೆ. ಸಾವಿರಾರು ರೂಪಾಯಿಗಳ ಈ ತೀರ್ಮಾನಕ್ಕೆ ಎಷ್ಟೋ ವೇಳೆ ಮೆನುವಿನ ಒಂದೇ ಒಂದು ಸಾಲು ಕಾರಣವಾಗಿರುತ್ತದೆ. ಆ ಸಾಲನ್ನು ಹುಡುಕಿ ಹಿಡಿಯುವುದು ಅದೃಷ್ಟದ ಕೆಲಸವಲ್ಲ. ಚಿತ್ರವು ಹುಟ್ಟುವ ಕ್ರಮವನ್ನು ತಿಳಿದವನಿಗೆ ಅದು ಸುಲಭಸಾಧ್ಯ. ಆ ಕ್ರಮವನ್ನು ಈಗ ಪರಿಶೀಲಿಸೋಣ.

ಮಾಡ್ ಒಳಹೊಗುವ ಬಾಗಿಲು

ಆಟವು ತಾನಾಗಿಯೇ ಗ್ರಾಫಿಕ್ಸ್ ಕಾರ್ಡಿನೊಡನೆ ಮಾತನಾಡುವುದಿಲ್ಲ; ನಡುವೆ ಒಬ್ಬ ದುಭಾಷಿಯಿರುತ್ತಾನೆ. ವಿಂಡೋಸ್ ವ್ಯವಸ್ಥೆಯಲ್ಲಿ ಡೈರೆಕ್ಟ್3ಡಿ ಎಂಬುದು ಅಂಥ ದುಭಾಷಿ. ವಲ್ಕನ್, ಓಪನ್‌ಜಿಎಲ್ ಎಂಬ ಬೇರೆ ದುಭಾಷಿಗಳೂ ಉಂಟು. ಆಟ ಪ್ರಾರಂಭವಾದಾಗ ಅದು ತನ್ನ ದುಭಾಷಿಯನ್ನು ಹೆಸರು ಹಿಡಿದು ಕರೆಯುತ್ತದೆ. ವಿಂಡೋಸ್ ಆ ಹೆಸರಿನ ಫೈಲನ್ನು ಸಾಮಾನ್ಯವಾಗಿ ಮೊದಲು ಆಟದ ಸ್ವಂತ ಫೋಲ್ಡರಿನಲ್ಲಿ ಹುಡುಕಿ, ಅಲ್ಲಿ ಸಿಕ್ಕದಿದ್ದರೆ ಮಾತ್ರ ವ್ಯವಸ್ಥೆಯ ಫೋಲ್ಡರಿಗೆ ಹೋಗುತ್ತದೆ. ಮಾಡ್ ಈ ಪದ್ಧತಿಯ ಪ್ರಯೋಜನವನ್ನು ಪಡೆದುಕೊಳ್ಳುತ್ತದೆ. ದುಭಾಷಿಯ ಹೆಸರನ್ನೇ ಇಟ್ಟುಕೊಂಡು ಆಟದ ಫೋಲ್ಡರಿನಲ್ಲಿ ಕುಳಿತು, ಬಂದ ಮಾತುಗಳನ್ನೆಲ್ಲ ನಿಜವಾದ ದುಭಾಷಿಗೆ ದಾಟಿಸುತ್ತ, ತನಗೆ ಬೇಕಾದ ಕ್ಷಣದಲ್ಲಿ ತನ್ನದೊಂದು ಮಾತನ್ನು ಸೇರಿಸುತ್ತದೆ. 2011ರ ಸ್ಕೈರಿಮ್ ಡೈರೆಕ್ಟ್3ಡಿಯ ಒಂಬತ್ತನೆಯ ಆವೃತ್ತಿಯನ್ನು ಬಳಸುತ್ತಿತ್ತು. 2016ರಲ್ಲಿ ಬಂದ ಅದರ ವಿಶೇಷ ಆವೃತ್ತಿಯು ಹನ್ನೊಂದನೆಯದನ್ನು ಬಳಸುತ್ತದೆ. ಆದಕಾರಣ ಒಂದಕ್ಕೆಂದು ಮಾಡಿದ ಇಎನ್‌ಬಿ ಫೈಲು ಇನ್ನೊಂದಕ್ಕೆ ನಿರುಪಯುಕ್ತ.

ಇದರಿಂದ ಮೊದಲನೆಯ ತೊಡಕಿನ ಕಾರಣಗಳು ತಾವಾಗಿಯೇ ಹೊಳೆಯುತ್ತವೆ. ಮೆನು ತೆರೆಯುವುದೇ ಇಲ್ಲವೆಂದರೆ, ಫೈಲು ತಪ್ಪು ಫೋಲ್ಡರಿನಲ್ಲಿರಬಹುದು, ತಪ್ಪು ಹೆಸರಿನಲ್ಲಿರಬಹುದು, ಅಥವಾ 64 ಬಿಟ್‌ಗಳ ಆಟಕ್ಕೆ 32 ಬಿಟ್‌ಗಳ ಫೈಲನ್ನು ಕೊಟ್ಟಿರಬಹುದು. ಮಾಡ್ ಒಳಹೊಕ್ಕಿದೆಯೇ ಇಲ್ಲವೇ ಎಂಬುದನ್ನು ಅರಿಯಲು ಒಳ್ಳೆಯ ಸಾಕ್ಷಿಯೊಂದಿದೆ. ರೀಶೇಡ್ ಪ್ರತಿ ಬಾರಿಯೂ ಆಟದ ಫೋಲ್ಡರಿನಲ್ಲಿ ದಿನಚರಿಯಂಥ ‘ಲಾಗ್’ ಫೈಲನ್ನು ಬರೆದಿಡುತ್ತದೆ. ಇಎನ್‌ಬಿಯಾದರೋ ಆಟದ ಪ್ರಾರಂಭದಲ್ಲಿ ತೆರೆಯ ಮೂಲೆಯಲ್ಲಿ ಕೆಲವು ಸಾಲುಗಳನ್ನು ತೋರಿಸುತ್ತದೆ. ಈ ಕುರುಹು ಇಲ್ಲದಿದ್ದರೆ ದೋಷವು ಬಾಗಿಲಲ್ಲಿದೆ. ಮೆನುವಿನ ಕೀಲಿಯನ್ನು ಎಷ್ಟು ಒತ್ತಿದರೂ ಫಲವಿಲ್ಲ. ಕುರುಹು ಇದ್ದೂ ಮೆನು ತೆರೆಯದಿದ್ದರೆ ದೋಷವು ಕೀಲಿಯಲ್ಲಿದೆ. ರೀಶೇಡ್ ಮೆನುವಿಗೆ ‘ಹೋಮ್’ ಕೀಲಿಯೂ, ಇಎನ್‌ಬಿ ಮೆನುವಿಗೆ ‘ಶಿಫ್ಟ್’ ಮತ್ತು ‘ಎಂಟರ್’ ಕೀಲಿಗಳೂ ಮೊದಲಿನಿಂದ ಗೊತ್ತಾಗಿರುತ್ತವೆ. ಎಷ್ಟೋ ಲ್ಯಾಪ್‌ಟಾಪುಗಳಲ್ಲಿ ‘ಹೋಮ್’ ಪ್ರತ್ಯೇಕ ಕೀಲಿಯಾಗಿರುವುದಿಲ್ಲ. ಅದನ್ನು ‘ಎಫ್‌ಎನ್’ ಕೀಲಿಯೊಡನೆ ಒತ್ತಬೇಕಾಗುತ್ತದೆ.

ಒಂದು ಚಿತ್ರ ಹುಟ್ಟುವ ಬಗೆ

ತೆರೆಯ ಮೇಲೆ ನಾವು ಕಾಣುವ ಚಲನೆಯು ಒಂದರ ಹಿಂದೊಂದು ಬರುವ ಸ್ಥಿರಚಿತ್ರಗಳ ಸರಣಿಯೆಂಬುದು ಎಲ್ಲರಿಗೂ ತಿಳಿದ ವಿಷಯ. ಅಂಥ ಒಂದೊಂದು ಚಿತ್ರಕ್ಕೂ ಫ್ರೇಮ್ ಎಂದು ಹೆಸರು. ಪ್ರತಿ ಫ್ರೇಮೂ ಹಲವು ಹಂತಗಳಲ್ಲಿ ಸಿದ್ಧವಾಗುತ್ತದೆ. ಮೊದಲು ಬೆಟ್ಟ, ಮನೆ, ಮನುಷ್ಯರ ಆಕಾರಗಳನ್ನು ಕಾರ್ಡು ಪಿಕ್ಸೆಲ್‌ಗಳೆಂಬ ಚುಕ್ಕೆಗಳನ್ನಾಗಿ ಮಾರ್ಪಡಿಸುತ್ತದೆ. ಆಗಲೇ ಪ್ರತಿ ಚುಕ್ಕೆಯಲ್ಲಿ ಕಾಣುವ ವಸ್ತು ಕಣ್ಣಿನಿಂದ ಎಷ್ಟು ದೂರದಲ್ಲಿದೆ ಎಂಬುದನ್ನೂ ಇನ್ನೊಂದು ಪಟದಲ್ಲಿ ಗುರುತು ಹಾಕಿಕೊಳ್ಳುತ್ತದೆ. ‘ಡೆಪ್ತ್ ಬಫರ್’ ಎಂದು ಕರೆಯಲ್ಪಡುವ ಈ ಆಳದ ಪಟವನ್ನು ವಾಚಕರು ನೆನಪಿನಲ್ಲಿಡಬೇಕು. ಮುಂದೆ ಅನೇಕ ತೊಡಕುಗಳಿಗೆ ಇದೇ ಮೂಲವಾಗುತ್ತದೆ. ಅನಂತರ ಬೆಳಕು ನೆರಳುಗಳ ಲೆಕ್ಕ, ಹೊಗೆ ನೀರುಗಳಂಥ ಪಾರದರ್ಶಕ ವಸ್ತುಗಳ ಲೇಪನ, ಒಟ್ಟು ಬಣ್ಣದ ಹದ. ಎಲ್ಲಕ್ಕೂ ಕಡೆಯಲ್ಲಿ ಅಕ್ಷರಗಳು, ಭೂಪಟ, ಆಟಗಾರನ ಪ್ರಾಣಬಲವನ್ನು ತೋರುವ ಪಟ್ಟಿ ಇವು ಚಿತ್ರದ ಮೇಲೆ ಅಂಟಿಕೊಳ್ಳುತ್ತವೆ. ಆಮೇಲೆ ‘ಇನ್ನು ಇದನ್ನು ತೆರೆಗೆ ಒಪ್ಪಿಸು’ ಎಂಬ ಆಜ್ಞೆ ಹೊರಡುತ್ತದೆ.

ರೀಶೇಡ್ ಸಾಮಾನ್ಯವಾಗಿ ಕೈಹಾಕುವುದು ಈ ಕಡೆಯ ಆಜ್ಞೆಯ ಕ್ಷಣದಲ್ಲಿ. ಅದರ ಮುಂದಿರುವುದು ಮುಗಿದುಹೋದ ಚಿತ್ರ. ಅಕ್ಷರವಾವುದು, ಆಕಾಶವಾವುದು ಎಂಬ ಭೇದ ಅದಕ್ಕೆ ತಿಳಿಯದು. ಆದುದರಿಂದಲೇ ದೂರದ ದೃಶ್ಯವನ್ನು ಮಸುಕಾಗಿಸಲು ಹೊರಟರೆ ತೆರೆಯ ಮೇಲಿನ ಬರಹವೂ ಮಸುಕಾಗುತ್ತದೆ. ಬಣ್ಣವನ್ನು ಗಾಢಗೊಳಿಸಿದರೆ ಭೂಪಟವೂ ಕೆಂಪೇರುತ್ತದೆ. ಇದು ಸ್ಥಾಪನೆಯ ತಪ್ಪಲ್ಲ, ಸಾಧನದ ಸ್ವಭಾವ. ಬರಹವಿರುವ ಜಾಗಗಳನ್ನು ಮುಸುಕು ಹಾಕಿ ಬಿಡಿಸಿಕೊಡುವುದೊಂದೇ ಇದಕ್ಕೆ ಸಾಮಾನ್ಯ ಪರಿಹಾರ. ಇಎನ್‌ಬಿಯಾದರೋ ಆಟದ ಅಂತರಂಗವನ್ನು ಬಲ್ಲದ್ದಾದ್ದರಿಂದ ನಡುವಿನ ಹಂತಗಳಲ್ಲಿಯೇ, ಬರಹ ಅಂಟಿಕೊಳ್ಳುವ ಮೊದಲೇ, ತನ್ನ ಕೆಲಸವನ್ನು ಮಾಡಿ ಮುಗಿಸಬಲ್ಲುದು. ಅದು ಎಲ್ಲ ಆಟಗಳಿಗೂ ಹೊಂದದಿರುವುದಕ್ಕೆ ಕಾರಣವೂ ಇದೇ.

ಮೆನುವಿನ ಮೂರು ಕುಲಗಳು

ಮೆನುವಿನಲ್ಲಿರುವ ಹೆಸರುಗಳು ನೂರಾದರೂ ಕುಲಗಳು ಮುಖ್ಯವಾಗಿ ಮೂರೇ.

ಮೊದಲನೆಯದು ಬಣ್ಣದ ಕುಲ. ಇಲ್ಲಿ ಪ್ರತಿ ಪಿಕ್ಸೆಲನ್ನೂ ಅದರಷ್ಟಕ್ಕೆ ತೆಗೆದುಕೊಂಡು ಹೊಳಪು, ಗಾಢತೆ, ಛಾಯೆಗಳನ್ನು ಬದಲಿಸಲಾಗುತ್ತದೆ. ಕಾರ್ಡಿಗೆ ಇದು ಬಲು ಹಗುರವಾದ ಕೆಲಸ. ಆದರೆ ಇದಕ್ಕೊಂದು ಮಿತಿಯುಂಟು. ಸಾಮಾನ್ಯ ಚಿತ್ರದಲ್ಲಿ ಕೆಂಪು, ಹಸಿರು, ನೀಲಿ ಪ್ರತಿಯೊಂದಕ್ಕೂ 256 ಮೆಟ್ಟಿಲುಗಳು ಮಾತ್ರ ಇರುತ್ತವೆ. ಕತ್ತಲೆಯ ಹತ್ತು ಮೆಟ್ಟಿಲುಗಳನ್ನು ಐವತ್ತಕ್ಕೆ ಹಿಗ್ಗಿಸಿದರೆ ನಡುವಿನ ಮೆಟ್ಟಿಲುಗಳು ಎಲ್ಲಿಂದ ಬರಬೇಕು? ಸಂಜೆಯ ಆಕಾಶದಲ್ಲಿ ಪಟ್ಟೆಪಟ್ಟೆಯಾಗಿ ಕಾಣುವ ಗೆರೆಗಳು ಹೀಗೆ ಹುಟ್ಟಿದವು. ಅಂತೆಯೇ ಅತ್ಯಂತ ಮೇಲಿನ ಮೆಟ್ಟಿಲಿಗೆ ತಲುಪಿ ಬಿಳಿಯಾಗಿ ಹೋದ ಮೋಡದಲ್ಲಿ ಅಡಗಿದ್ದ ವಿವರವನ್ನು ಯಾವ ಸ್ಲೈಡರೂ ಮರಳಿ ತರಲಾರದು. ಹಳೆಯ ಸ್ಕೈರಿಮ್‌ಗೆ ಇಎನ್‌ಬಿಯನ್ನು ತೊಡಿಸುವವರು ದಶಾಂಶ ಬೆಲೆಗಳನ್ನು ಹಿಡಿಯಬಲ್ಲ ಚಿತ್ರಪಟವನ್ನು ಬಳಸುವಂತೆ ಆಟದ ಸೆಟ್ಟಿಂಗ್ ಫೈಲಿನಲ್ಲಿ ಸೂಚಿಸಬೇಕಾದುದು ಈ ಮಿತಿಯನ್ನು ದಾಟುವುದಕ್ಕಾಗಿಯೇ.

ಎರಡನೆಯದು ನೆರೆಹೊರೆಯ ಕುಲ. ಇಲ್ಲಿ ಪ್ರತಿ ಪಿಕ್ಸೆಲೂ ತನ್ನ ಅಕ್ಕಪಕ್ಕದವುಗಳನ್ನು ವಿಚಾರಿಸುತ್ತದೆ. ಚಿತ್ರವನ್ನು ಚೂಪುಗೊಳಿಸುವುದು, ಅಂಚುಗಳ ಗರಗಸದಂಥ ಹಲ್ಲುಗಳನ್ನು ನಯಗೊಳಿಸುವ ‘ಎಫ್‌ಎಕ್ಸ್‌ಎಎ’, ‘ಎಸ್‌ಎಂಎಎ’ ಎಂಬ ಕ್ರಮಗಳು, ದೀಪದ ಸುತ್ತ ಪ್ರಭೆಯನ್ನು ಹರಡುವ ‘ಬ್ಲೂಮ್’ ಇವೆಲ್ಲ ಈ ಕುಲಕ್ಕೆ ಸೇರಿದವು. ಇಲ್ಲಿ ಅನುಕ್ರಮವು ಮುಖ್ಯ. ಮೊದಲು ಚೂಪುಗೊಳಿಸಿ ಆಮೇಲೆ ನಯಗೊಳಿಸಿದರೆ ಒಂದು ಫಲ. ಮೊದಲು ನಯಗೊಳಿಸಿ ಆಮೇಲೆ ಚೂಪುಗೊಳಿಸಿದರೆ ಬೇರೊಂದು ಫಲ. ರೀಶೇಡ್ ಮೆನುವಿನಲ್ಲಿ ಸಾಲುಗಳು ಮೇಲಿನಿಂದ ಕೆಳಕ್ಕೆ ಅದೇ ಕ್ರಮದಲ್ಲಿ ಕೆಲಸಮಾಡುತ್ತವೆ. ಸಾಲನ್ನು ಎಳೆದು ಸ್ಥಾನ ಬದಲಿಸಲೂಬಹುದು.

ಮೂರನೆಯದು ಆಳದ ಕುಲ. ಗೋಡೆಗಳ ಮೂಲೆಯಲ್ಲಿ, ಮೇಜಿನ ಕಾಲಿನ ಬುಡದಲ್ಲಿ ಬೆಳಕು ಕಡಮೆಯಾಗಿ ಮಬ್ಬು ನೆರಳು ಕವಿಯುವುದನ್ನು ನಾವು ದಿನವೂ ಕಾಣುತ್ತೇವೆ. ಇದನ್ನು ಆಳದ ಪಟದಿಂದಲೇ ಊಹಿಸಿ ಬಿಡಿಸುವ ವಿಧಾನವನ್ನು ಕ್ರೈಟೆಕ್ ಸಂಸ್ಥೆಯು 2007ರ ‘ಕ್ರೈಸಿಸ್’ ಆಟದಲ್ಲಿ ಬಳಕೆಗೆ ತಂದಿತು. ಆಂಬಿಯೆಂಟ್ ಅಕ್ಲೂಷನ್ ಎಂಬ ಸಾಲು ಮೆನುವಿನಲ್ಲಿ ಕಂಡರೆ ಅದು ಈ ಮೂಲೆಯ ನೆರಳೇ. ದೂರದ್ದನ್ನು ಮಸುಕಾಗಿಸುವ ಕ್ರಮವೂ ಇದೇ ಕುಲದ್ದು. ಚಿತ್ರಕ್ಕೆ ಹೆಚ್ಚಿನ ಕಳೆಯನ್ನು ತರುವುದೂ ಈ ಕುಲವೇ, ಹೆಚ್ಚಿನ ಕಾಲವನ್ನು ನುಂಗುವುದೂ ಈ ಕುಲವೇ.

ಕಾಲದ ಲೆಕ್ಕ

ಸೆಕೆಂಡಿಗೆ 60 ಫ್ರೇಮುಗಳು ಬೇಕೆಂದರೆ ಪ್ರತಿ ಫ್ರೇಮಿಗೂ ದೊರೆಯುವ ಕಾಲ 16.7 ಮಿಲಿಸೆಕೆಂಡು. ಆಟವೂ ಮಾಡ್‌ಗಳೂ ಸೇರಿ ಈ ಸಂಬಳದಲ್ಲಿಯೇ ಸಂಸಾರ ಮಾಡಬೇಕು. ಅಡ್ಡಕ್ಕೆ 1,920, ಉದ್ದಕ್ಕೆ 1,080 ಚುಕ್ಕೆಗಳುಳ್ಳ ತೆರೆಯಲ್ಲಿ ಒಟ್ಟು 20,73,600 ಪಿಕ್ಸೆಲ್‌ಗಳಿವೆ. ಮೂಲೆಯ ನೆರಳಿಗಾಗಿ ಪ್ರತಿ ಪಿಕ್ಸೆಲೂ 16 ನೆರೆಯವರನ್ನು ವಿಚಾರಿಸುವುದಾದರೆ ಒಂದು ಫ್ರೇಮಿಗೆ ಸುಮಾರು 3.3 ಕೋಟಿ, ಒಂದು ಸೆಕೆಂಡಿಗೆ ಸುಮಾರು 199 ಕೋಟಿ ವಿಚಾರಣೆಗಳಾದವು. ‘ಗುಣಮಟ್ಟ’ವೆಂಬ ಸ್ಲೈಡರನ್ನು ಎಳೆದು 16ನ್ನು 64 ಮಾಡಿದರೆ ವಿಚಾರಣೆಗಳೂ ನಾಲ್ಕು ಪಾಲಾಗುತ್ತವೆ, ಕಣ್ಣಿಗೆ ಕಾಣುವ ವ್ಯತ್ಯಾಸ ಮಾತ್ರ ಅಷ್ಟಾಗುವುದಿಲ್ಲ. ತೆರೆಯು 3,840ಕ್ಕೆ 2,160ರದಾದರೆ ಪಿಕ್ಸೆಲ್‌ಗಳೇ ನಾಲ್ಕು ಪಾಲು.

ಇಲ್ಲಿ ವಿದ್ಯಾರ್ಥಿಗಳು ಗಮನಿಸತಕ್ಕ ಸೂಕ್ಷ್ಮವೊಂದಿದೆ. ನಷ್ಟವನ್ನು ಫ್ರೇಮುಗಳ ಸಂಖ್ಯೆಯಲ್ಲಿ ಅಳೆಯಬಾರದು, ಮಿಲಿಸೆಕೆಂಡುಗಳಲ್ಲಿ ಅಳೆಯಬೇಕು. 120 ಇದ್ದುದು 100ಕ್ಕೆ ಇಳಿದರೆ ಇಪ್ಪತ್ತು ಫ್ರೇಮುಗಳು ಹೋದವೆಂದು ಗಾಬರಿಯಾಗುತ್ತದೆ. ಆದರೆ ವ್ಯಯವಾದದ್ದು 1.7 ಮಿಲಿಸೆಕೆಂಡು. 60 ಇದ್ದುದು 50ಕ್ಕೆ ಇಳಿದರೆ ಹೋದುದು ಹತ್ತೇ ಫ್ರೇಮು, ವ್ಯಯವಾದದ್ದು 3.3 ಮಿಲಿಸೆಕೆಂಡು, ಅಂದರೆ ಹೆಚ್ಚುಕಡಮೆ ಇಮ್ಮಡಿ. ರೀಶೇಡ್ ಮೆನುವಿನ ಅಂಕಿಅಂಶಗಳ ಪುಟದಲ್ಲಿ ಪ್ರತಿ ಸಾಲೂ ಎಷ್ಟು ಕಾಲ ತೆಗೆದುಕೊಳ್ಳುತ್ತಿದೆ ಎಂಬುದು ಕಾಣುತ್ತದೆ. ಹೊಸ ಕಾರ್ಡಿನ ಬೆಲೆಯನ್ನು ವಿಚಾರಿಸುವ ಮೊದಲು ಈ ಪುಟವನ್ನು ಓದುವುದು ಲೇಸು.

ಇನ್ನೊಂದು ಸಂಗತಿ. ಸೆಕೆಂಡಿಗೆ 60 ಬಾರಿ ಚಿತ್ರವನ್ನು ಬದಲಿಸುವ ತೆರೆಗೆ ಆಟವನ್ನು ‘ವಿಸಿಂಕ್’ ಎಂಬ ಕ್ರಮದಿಂದ ಕಟ್ಟಿಹಾಕಿದಾಗ, 16.7ರ ಬದಲು 17 ಮಿಲಿಸೆಕೆಂಡು ತಗುಲಿದರೂ ಫ್ರೇಮು ತನ್ನ ಬಸ್ಸನ್ನು ತಪ್ಪಿಸಿಕೊಂಡು ಮುಂದಿನ ಬಸ್ಸಿಗೆ ಕಾಯಬೇಕಾಗುತ್ತದೆ. ಎರಡೇ ಪಟಗಳನ್ನು ಅದಲುಬದಲು ಮಾಡುವ ವ್ಯವಸ್ಥೆಯಲ್ಲಿ ವೇಗವು ಒಮ್ಮೆಗೇ 30ಕ್ಕೆ ಕುಸಿಯುವುದು ಹೀಗೆ. ಅಲ್ಪವಾದ ಒಂದು ಸಾಲು ಆಟವನ್ನು ಅರ್ಧಕ್ಕೆ ಇಳಿಸಿತೆಂದು ತೋರಿದರೆ ಈ ಕಾರಣವನ್ನು ಶಂಕಿಸಬೇಕು. ಹಾಗೆಂದು ಸ್ಕೈರಿಮ್‌ನಲ್ಲಿ ಈ ಕಟ್ಟನ್ನು ಬಿಚ್ಚಿ ವೇಗವನ್ನು 60ಕ್ಕಿಂತ ಬಹಳ ಮೇಲೇರಿಸುವುದೂ ಕ್ಷೇಮವಲ್ಲ. ಆ ಆಟದಲ್ಲಿ ವಸ್ತುಗಳ ಚಲನೆಯ ಲೆಕ್ಕವು ಫ್ರೇಮುಗಳ ವೇಗಕ್ಕೆ ಗಂಟುಬಿದ್ದಿರುವುದರಿಂದ ಮೇಜಿನ ಮೇಲಿನ ತಟ್ಟೆ ಲೋಟಗಳು ತಾವಾಗಿಯೇ ಹಾರಾಡತೊಡಗುತ್ತವೆ.

ಆಳದ ಪಟದ ತೊಡಕುಗಳು

ಮೂಲೆಯ ನೆರಳನ್ನು ಹಚ್ಚಿದರೂ ಏನೂ ಬದಲಾಗದಿರುವುದು ಬಹು ಸಾಮಾನ್ಯವಾದ ದೂರು. ಇದರ ಪರೀಕ್ಷೆಗೆಂದೇ ರೀಶೇಡ್‌ನಲ್ಲಿ ಆಳದ ಪಟವನ್ನು ತೆರೆಯ ಮೇಲೆ ತೋರಿಸುವ ‘ಡಿಸ್‌ಪ್ಲೇಡೆಪ್ತ್’ ಎಂಬ ಸಾಲಿದೆ. ಹತ್ತಿರದ್ದು ಕಪ್ಪಾಗಿಯೂ ದೂರದ್ದು ಬೆಳ್ಳಗೂ ಕಂಡರೆ ಪಟವು ಸರಿಯಾಗಿದೆ. ತೆರೆಯೆಲ್ಲ ಒಂದೇ ಬಣ್ಣವಾಗಿದ್ದರೆ ಪಟ ಸಿಕ್ಕಿಲ್ಲವೆಂದು ಅರ್ಥ. ಆಟವು ಏಕಕಾಲದಲ್ಲಿ ಹಲವು ಆಳದ ಪಟಗಳನ್ನು ಬಳಸುವುದುಂಟು. ಮೆನುವಿನ ಆಡ್‌ಆನ್ ಪುಟದಲ್ಲಿ ಅವುಗಳ ಪಟ್ಟಿಯಿದ್ದು, ತೆರೆಯ ಅಳತೆಗೆ ಅಥವಾ ಅದರ ಪ್ರಮಾಣಕ್ಕೆ ಹೊಂದುವುದನ್ನು ಆಯ್ದುಕೊಳ್ಳಬೇಕು. ಪಟ್ಟಿಯೇ ಬರಿದಾಗಿದ್ದರೆ ಆಟದ ಸ್ವಂತ ‘ಎಂಎಸ್‌ಎಎ’ ಸೆಟ್ಟಿಂಗನ್ನು ಆರಿಸಿ ನೋಡಬೇಕು. ಈ ಕ್ರಮವು ಒಂದೊಂದು ಪಿಕ್ಸೆಲಿಗೂ ಹಲವು ಆಳಗಳನ್ನು ಇಡುವುದರಿಂದ ಮಾಡ್‌ಗೆ ಸಾಮಾನ್ಯವಾಗಿ ಅದನ್ನು ಓದಲಾಗುವುದಿಲ್ಲ.

ಹತ್ತಿರದ್ದು ಬೆಳ್ಳಗೂ ದೂರದ್ದು ಕಪ್ಪಾಗಿಯೂ ಕಂಡರೆ ಪಟವು ತಿರುವುಮುರುವಾಗಿದೆ. ಇದು ಆಟದ ದೋಷವಲ್ಲ. ದಶಾಂಶ ಸಂಖ್ಯೆಗಳನ್ನು ಗಣಕವು ಸೊನ್ನೆಯ ಬಳಿ ಹೆಚ್ಚು ಸೂಕ್ಷ್ಮವಾಗಿ ಹಿಡಿಯಬಲ್ಲುದಾದ್ದರಿಂದ, ದೂರದ ವಸ್ತುಗಳ ಅಂತರ ತಪ್ಪದಿರಲೆಂದು ಅನೇಕ ಹೊಸ ಆಟಗಳು ಬೇಕೆಂದೇ ದೂರಕ್ಕೆ ಸೊನ್ನೆಯನ್ನೂ ಹತ್ತಿರಕ್ಕೆ ಒಂದನ್ನೂ ಕೊಡುತ್ತವೆ. ಮೆನುವಿನಲ್ಲಿ ‘ಪಟ ತಿರುವಿದೆ’ ಎಂಬ ಸೂಚನೆಯ ಬೆಲೆಯನ್ನು ಬದಲಿಸಿದರೆ ಸಾಕು. ಆದರೆ ಹೊಗೆ ಮಂಜುಗಳ ಮೇಲೆ ಅವುಗಳ ಹಿಂದಿನ ವಸ್ತುವಿನ ನೆರಳು ಮೂಡಿದರೆ ಪೂರ್ಣ ಪರಿಹಾರವಿಲ್ಲ. ಪಾರದರ್ಶಕ ವಸ್ತುಗಳು ಸಾಮಾನ್ಯವಾಗಿ ಆಳದ ಪಟದಲ್ಲಿ ದಾಖಲಾಗುವುದೇ ಇಲ್ಲ. ದೂರ ಹೆಚ್ಚಿದಂತೆ ನೆರಳು ಕರಗುವಂತೆ ಮಾಡಿ ದೋಷವನ್ನು ಮರೆಸಬಹುದಷ್ಟೆ.

ಎಳೆದರೂ ಬದಲಾಗದ ಸ್ಲೈಡರುಗಳು

ರೀಶೇಡ್ ಮೆನುವಿನಲ್ಲಿ ಸ್ಲೈಡರುಗಳೇ ಮಾಯವಾಗಿದ್ದರೆ ‘ಪರ್ಫಾರ್ಮೆನ್ಸ್ ಮೋಡ್’ ಹಚ್ಚಿರುತ್ತದೆ. ಆಗ ಎಲ್ಲ ಬೆಲೆಗಳೂ ಸ್ಥಿರಾಂಕಗಳಾಗಿ ಶೇಡರ್ ಎಂಬ ಕಿರು ಕಾರ್ಯಕ್ರಮದೊಳಗೆ ಬೆಸೆದುಹೋಗಿ ಕೆಲಸ ಚುರುಕಾಗುತ್ತದೆ. ತಿದ್ದಲು ಮಾತ್ರ ಬರುವುದಿಲ್ಲ. ತಿದ್ದುವಾಗ ಇದನ್ನು ಆರಿಸಿ, ಆಡುವಾಗ ಹಚ್ಚಿಕೊಳ್ಳುವುದು ಉಚಿತ. ಇಎನ್‌ಬಿಯಲ್ಲಿ ತೊಡಕು ಬೇರೆ ಬಗೆಯದು. ಸ್ಕೈರಿಮ್‌ನ ಇಎನ್‌ಬಿ ಮೆನುವಿನಲ್ಲಿ ಉದಯ, ಹಗಲು, ಅಸ್ತಮಾನ, ರಾತ್ರಿ, ಮನೆಯ ಒಳಗಿನ ಹಗಲು, ಒಳಗಿನ ರಾತ್ರಿ ಮೊದಲಾದವುಗಳಿಗೆ ಪ್ರತ್ಯೇಕ ಬೆಲೆಗಳಿವೆ. ಹವೆಗೆ ತಕ್ಕಂತೆ ಬೇರೆ ಬೇರೆ ಫೈಲುಗಳಿರುವುದೂ ಉಂಟು. ಆಟದಲ್ಲಿ ನಡುಹಗಲಾಗಿರುವಾಗ ರಾತ್ರಿಯ ಸ್ಲೈಡರನ್ನು ಎಳೆದರೆ ಏನು ತಾನೇ ಬದಲಾದೀತು? ಬದಲಾವಣೆ ಕಂಡರೂ ಮರುದಿನ ಉಳಿದಿಲ್ಲವೆಂದರೆ, ಉಳಿಸುವ ಗುಂಡಿಯನ್ನು ಒತ್ತಿಲ್ಲ, ಅಥವಾ ವಿಂಡೋಸ್ ಆ ಫೋಲ್ಡರಿನಲ್ಲಿ ಬರೆಯಲು ಅನುಮತಿ ಕೊಟ್ಟಿಲ್ಲ.

ದೋಷವನ್ನು ಹುಡುಕುವ ಕ್ರಮ

ಇಷ್ಟಾದರೂ ದೋಷ ಸಿಕ್ಕದಿದ್ದರೆ ಪ್ರಯೋಗಶಾಲೆಯ ನಿಯಮವನ್ನು ಪಾಲಿಸಬೇಕು. ಮೊದಲು ಸೆಟ್ಟಿಂಗ್ ಫೈಲುಗಳ ಪ್ರತಿಯೊಂದನ್ನು ಬೇರೆಡೆ ತೆಗೆದಿಡಬೇಕು. ಆಟದ ಒಂದೇ ಸ್ಥಳದಲ್ಲಿ, ಒಂದೇ ಹೊತ್ತಿನಲ್ಲಿ, ಒಂದೇ ದಿಕ್ಕಿಗೆ ನೋಡುತ್ತ ನಿಂತು, ಒಂದು ಸಲಕ್ಕೆ ಒಂದನ್ನೇ ಬದಲಿಸಿ ಫಲವನ್ನು ಬರೆದುಕೊಳ್ಳಬೇಕು. ಎರಡನ್ನು ಒಟ್ಟಿಗೆ ಬದಲಿಸಿದವನಿಗೆ ಫಲವು ಯಾವುದರದೆಂದು ತಿಳಿಯದು.

ಸಾಲುಗಳು ಬಹಳವಾಗಿದ್ದರೆ ಅರೆಪಾಲಿನ ಉಪಾಯ ಒಳ್ಳೆಯದು. 32 ಸಾಲುಗಳಲ್ಲಿ ಒಂದು ಕೆಟ್ಟದ್ದೆಂದು ಇಟ್ಟುಕೊಳ್ಳೋಣ. ಮೊದಲು 16ನ್ನು ಆರಿಸಬೇಕು. ದೋಷ ಹೋದರೆ ಅದು ಆರಿಸಿದವುಗಳಲ್ಲಿದೆ, ಉಳಿದರೆ ಹಚ್ಚಿರುವವುಗಳಲ್ಲಿದೆ. ಶಂಕಿತ 16ರಲ್ಲಿ 8, ಆಮೇಲೆ 4, 2, 1. ಹೀಗೆ ಐದೇ ಪರೀಕ್ಷೆಗಳಲ್ಲಿ ಅಪರಾಧಿ ಸಿಕ್ಕಿಬೀಳುತ್ತದೆ. ಒಂದೊಂದಾಗಿ ನೋಡಿದ್ದರೆ ಮೂವತ್ತೊಂದು ಪರೀಕ್ಷೆಗಳವರೆಗೂ ಬೇಕಾಗಬಹುದಿತ್ತು. ಎರಡು ಸಾಲುಗಳು ಕೂಡಿದಾಗ ಮಾತ್ರ ದೋಷ ಹುಟ್ಟುವಂತಿದ್ದರೆ ಈ ಉಪಾಯ ಸಾಲದು. ಆಗ ಸಾಲುಗಳ ಅನುಕ್ರಮವನ್ನು ನೋಡಬೇಕು. ಎಲ್ಲ ಸಾಲುಗಳನ್ನು ಆರಿಸಿದರೂ ಆಟ ಬಿದ್ದುಹೋಗುತ್ತಿದ್ದರೆ, ತೆರೆಯ ಮೇಲೆ ಅಂಕಿಗಳನ್ನು ತೋರಿಸುವ ಅಥವಾ ಆಟವನ್ನು ಚಿತ್ರೀಕರಿಸುವ ಬೇರೊಂದು ತಂತ್ರಾಂಶವೂ ಅದೇ ಕಡೆಯ ಆಜ್ಞೆಗೆ ಕೈಹಾಕುತ್ತಿರಬಹುದು. ಅದನ್ನು ಮುಚ್ಚಿ ನೋಡಬೇಕು.

ಎರಡು ಎಚ್ಚರಿಕೆಗಳು

ಮಾಡ್ ಎಂಬುದು ದುಭಾಷಿಯ ವೇಷದಲ್ಲಿ ಒಳಹೊಗುವ ಕಾರ್ಯಕ್ರಮವೆಂದು ಮೊದಲೇ ಹೇಳಿದೆವು. ಕೇಡಿಗರು ಹರಡುವ ಫೈಲೂ ಅದೇ ವೇಷವನ್ನು ಧರಿಸಬಲ್ಲುದು. ಆದುದರಿಂದ ಮೂಲ ರಚಕರ ತಾಣವನ್ನು ಬಿಟ್ಟು ಬೇರೆಲ್ಲಿಂದಲೂ ಇದನ್ನು ಪಡೆಯಬಾರದು. ಎರಡನೆಯದಾಗಿ, ಹಲವರು ಕೂಡಿ ಜಾಲದ ಮೂಲಕ ಆಡುವ ಆಟಗಳಲ್ಲಿ ಆಳದ ಪಟವನ್ನು ಓದಬಲ್ಲವನು ಎದುರಾಳಿಗೆ ಕಾಣದ್ದನ್ನು ಕಾಣಬಹುದು. ಅದು ನ್ಯಾಯವಲ್ಲ. ರೀಶೇಡ್‌ನ ಸಾಮಾನ್ಯ ಆವೃತ್ತಿಯು ಆಟವು ಜಾಲದೊಡನೆ ವ್ಯವಹರಿಸುತ್ತಿರುವುದನ್ನು ಕಂಡರೆ ಆಳದ ಪಟವನ್ನು ಮುಚ್ಚಿಬಿಡುವುದು ಈ ಕಾರಣಕ್ಕಾಗಿಯೇ. ಅಂಥ ಆಟದ ನಡುವೆ ಮೂಲೆಯ ನೆರಳು ಮಾಯವಾದರೆ ಅದನ್ನು ದೋಷವೆಂದು ತಿಳಿದು ಸರಿಪಡಿಸಲು ಹೊರಡಬಾರದು. ಮೋಸವನ್ನು ತಡೆಯುವ ಕಾವಲು ತಂತ್ರಾಂಶಗಳು ಆಟಗಾರನ ಖಾತೆಯನ್ನೇ ಮುಚ್ಚಿಸುವ ಸಂಭವವುಂಟು. ಒಬ್ಬರೇ ಆಡುವ ಆಟಗಳಲ್ಲಿ ಈ ಭಯವಿಲ್ಲ.

ನೂರು ಸ್ಲೈಡರುಗಳ ಮೆನುವಿನ ಮುಂದೆ ಕುಳಿತ ವಿದ್ಯಾರ್ಥಿಯು ಮೂರು ಪ್ರಶ್ನೆಗಳನ್ನು ಕೇಳಿಕೊಂಡರೆ ಸಾಕು. ಈ ಸಾಲು ಚಿತ್ರದ ಯಾವ ಹಂತದಲ್ಲಿ ಕೆಲಸಮಾಡುತ್ತದೆ? ಅದಕ್ಕೆ ಬೇಕಾದ ಮಾಹಿತಿ ಅಲ್ಲಿ ದೊರೆಯುತ್ತದೆಯೇ? ಅದು ಎಷ್ಟು ಮಿಲಿಸೆಕೆಂಡುಗಳನ್ನು ಕೇಳುತ್ತದೆ? ಈ ಪ್ರಶ್ನೆಗಳಿಗೆ ಉತ್ತರ ಕಂಡುಕೊಂಡವನು ತನ್ನ ಹಳೆಯ ಗಣಕದಿಂದಲೂ ಒಳ್ಳೆಯ ಚಿತ್ರವನ್ನು ಹೊರಡಿಸಬಲ್ಲನು. ಹೊಸ ಕಾರ್ಡು ನಿಜವಾಗಿಯೂ ಬೇಕಾದ ದಿನ ಅದು ಏಕೆ ಬೇಕೆಂಬುದನ್ನೂ ಅವನು ಲೆಕ್ಕಸಹಿತವಾಗಿ ಹೇಳಬಲ್ಲನು.